ನೆಮ್ಮಾರಿನಲ್ಲಿ ಒಂದು ಮಳೆಯ ರಾತ್ರಿ

ಶೃಂಗೇರಿಗೆ ಹೋಗದವರು ನಮ್ಮಲ್ಲಿ ಕಡಿಮೆ. ಶಾರದಾಂಬೆಯ ದರ್ಶನ, ವಿದ್ಯಾಶಂಕರ ದೇವಸ್ಥಾನದ ಹನ್ನೆರಡು ರಾಶಿಕಂಬ, ತುಂಗೆಯ ಮೆಟ್ಟಿಲಲ್ಲಿ ಕುಳಿತು ಮೀನು ನೋಡುವುದು, ಮಧ್ಯಾಹ್ನ ಪ್ರಸಾದದ ಊಟ. ಇಷ್ಟು ಮುಗಿಸಿ ಹೊರನಾಡಿಗೋ ಆಗುಂಬೆಗೋ ಹೊರಟುಬಿಡುವುದು ರೂಢಿ. ಶೃಂಗೇರಿಯಿಂದ ಕೆರೆಕಟ್ಟೆಯ ಮೇಲೆ ಕಾರ್ಕಳಕ್ಕೆ ಹೋಗುವ ರಸ್ತೆಯಲ್ಲಿ ನೆಮ್ಮಾರ್ ಎಂಬ ಊರಿದೆ ಎಂದು ಆ ಯಾತ್ರಿಕರಲ್ಲಿ ಎಷ್ಟು ಜನಕ್ಕೆ ಗೊತ್ತೋ! ಕಾರುಗಳು ಬರ್‍ರೆಂದು ಹೋಗಿಬಿಡುತ್ತವೆ. ನಾನು ಮಾತ್ರ ಅಲ್ಲಿ ಇಳಿಯುವವಳು. ನನ್ನ ಅಕ್ಕನನ್ನು ಕೊಟ್ಟಿರುವುದು ಆ ಊರಿಗೆ.

ನಮ್ಮ ಮನೆ ಇರುವುದು ನರಸಿಂಹರಾಜಪುರದಲ್ಲಿ. ಅಲ್ಲಿಂದ ಕೊಪ್ಪ, ಕೊಪ್ಪದಿಂದ ಹರಿಹರಪುರದ ಮೇಲೆ ಶೃಂಗೇರಿ, ಅಲ್ಲಿ ಮತ್ತೊಂದು ಬಸ್ಸು. ದೂರವೇನೂ ಇಲ್ಲ. ಆದರೂ ಏಳು ವರ್ಷದಲ್ಲಿ ನಾನು ಅಕ್ಕನ ಮನೆಗೆ ಹೋಗಿದ್ದು ಎರಡೇ ಸಲ. ಒಂದು ಸಲ ಭಾವ ತೀರಿಕೊಂಡಾಗ, ಇನ್ನೊಂದು ಸಲ ಅವರ ವರ್ಷಾಂತಿಕಕ್ಕೆ. ಯಾಕೆ ಎಂದು ಆಮೇಲೆ ಹೇಳುತ್ತೇನೆ. ಹೋದ ವರ್ಷ ಶ್ರಾವಣದಲ್ಲಿ ಅಕ್ಕನ ಮಗಳು ಬೆಂಗಳೂರಿನಿಂದ ಫೋನು ಮಾಡಿ, "ಚಿಕ್ಕಮ್ಮಾ, ನಾಲ್ಕು ದಿನ ರಜ ಹಾಕಿ ಊರಿಗೆ ಹೋಗ್ತಿದ್ದೀನಿ. ನೀನೂ ಬಾ. ಅಮ್ಮ ಒಬ್ಳೇ ಮಾತಾಡ್ಕೊಳ್ಳೋಕೆ ಶುರು ಮಾಡಿದ್ದಾಳೆ" ಎಂದಳು. ನಮ್ಮವರು, "ಹೋಗಿ ಬಾರೆ, ಅನ್ನ ಸಾರು ನಾನು ಮಾಡಿಕೊಳ್ತೀನಿ" ಎಂದರು. ಹೊರಟೆ.

ಮಳೆಗಾಲದಲ್ಲಿ ಆ ಕಡೆ ಹೋದವರಿಗೆ ಗೊತ್ತು, ದಾರಿ ಎಂದರೆ ಒಂದು ಹಸಿರು ಸುರಂಗ. ಒಂದು ಕಡೆ ಗುಡ್ಡ, ಇನ್ನೊಂದು ಕಡೆ ಅಡಕೆ ತೋಟ, ಅದರಾಚೆ ತುಂಗೆ. ಕುದುರೆಮುಖದ ಕಾಡಿನ ಗಂಗಾಮೂಲದಲ್ಲಿ ಹುಟ್ಟಿದ ನದಿ, ಶೃಂಗೇರಿಯ ಮೆಟ್ಟಿಲಿನ ಹತ್ತಿರ ಭಕ್ತರನ್ನು ನೋಡಿ ಗಂಭೀರವಾಗುತ್ತದೋ ಏನೋ, ನೆಮ್ಮಾರಿನ ಹತ್ತಿರ ಮಾತ್ರ ಇನ್ನೂ ಹುಡುಗಿಯೇ. ಕಲ್ಲಿನಿಂದ ಕಲ್ಲಿಗೆ ಹಾರಿಕೊಂಡು ಕೆಂಪು ನೀರು ಹೊತ್ತು ಓಡುತ್ತಿರುತ್ತದೆ. ರಾತ್ರಿ ಮಲಗಿದರೆ ಮಳೆಯ ಸದ್ದು ಯಾವುದು, ಹೊಳೆಯ ಸದ್ದು ಯಾವುದು ಎಂದು ತಿಳಿಯುವುದಿಲ್ಲ.

ಅಕ್ಕನ ಮನೆ ದೊಡ್ಡದು, ಇರುವವಳು ಒಬ್ಬಳೇ. ತೋಟಕ್ಕೆ ಹಳದಿ ಎಲೆ ರೋಗ ಬಂದು ಎಷ್ಟೋ ವರ್ಷವಾಯಿತು. ಶೃಂಗೇರಿ, ಕೊಪ್ಪದ ಕಡೆಯ ಸೋದರಿಯರಿಗೆ ಇದನ್ನು ವಿವರಿಸಬೇಕಾಗಿಲ್ಲ. ಮರ ನಿಂತೇ ಇರುತ್ತದೆ, ಸೋಗೆ ಹಳದಿಯಾಗುತ್ತಾ ಫಸಲು ಇಲ್ಲವಾಗುತ್ತದೆ. ಮಕ್ಕಳು ಬೆಂಗಳೂರು ಸೇರಿದರು. ಭಾವ ಇದ್ದಾಗಲೇ ಜಗಲಿಯ ಪಕ್ಕದ ಎರಡು ಕೋಣೆ ಸರಿಮಾಡಿ ಹೋಂಸ್ಟೇ ಎಂದು ಬೋರ್ಡು ಹಾಕಿದ್ದರು. ಈಗ ಅಕ್ಕನಿಗೆ ಅದೇ ಆಸರೆ.

ಮಳೆಗೆ ಸಿಕ್ಕ ಅತಿಥಿಗಳು

ನಾನು ಹೋದ ಮಾರನೆಯ ಸಂಜೆ, ಕೆರೆಕಟ್ಟೆಯ ಕಡೆ ರಸ್ತೆಗೆ ಮರ ಬಿದ್ದು ವಾಹನಗಳೆಲ್ಲ ನಿಂತವು. ಕತ್ತಲಾಗುವ ಹೊತ್ತಿಗೆ ಒಂದು ಟ್ಯಾಕ್ಸಿ ಅಂಗಳಕ್ಕೆ ಬಂತು. ಇಳಿದವರು ಕೆಂಪು ನಿಲುವಂಗಿಯ ಒಬ್ಬ ಯುವಕ ಸನ್ಯಾಸಿ, ಜೊತೆಗೆ ಅರುವತ್ತರ ಹತ್ತಿರದ ಒಬ್ಬ ಹೆಂಗಸು. ಅಗಲ ಮುಖ, ಚಳಿಗಾಳಿಗೆ ಕೆಂಪಾದಂಥ ಕೆನ್ನೆ, ಸಣ್ಣ ಕಣ್ಣು.

"ಅಮ್ಮಾ, ರೂಮ್ ಐತೇನ್ರಿ?" ಎಂದ ಹುಡುಗ. ಉತ್ತರ ಕನ್ನಡದ ರಾಗ! ನಮಗೆ ನಗು ತಡೆಯಲಾಗಲಿಲ್ಲ.

ಟಿಬೆಟಿನವರಿರಬೇಕು ಎಂದುಕೊಂಡೆವು. ಅಲ್ಲವಂತೆ, ಮಂಗೋಲಿಯಾದವರು. ಮುಂಡಗೋಡಿನಲ್ಲಿ 1966ರಿಂದ ಟಿಬೆಟಿನವರ ಕ್ಯಾಂಪ್ ಇರುವುದು ನಮಗೆಲ್ಲ ಗೊತ್ತು. ಅಲ್ಲಿಯ ದ್ರೆಪುಂಗ್ ಗೋಮಾಂಗ್ ಎಂಬ ಮಠದಲ್ಲಿ ಹಿಂದಿನಿಂದಲೂ ಮಂಗೋಲಿಯಾದ ಹುಡುಗರು ಓದುವ ಸಂಪ್ರದಾಯವಂತೆ. ಈ ಹುಡುಗ ಒಂಬತ್ತು ವರ್ಷದಿಂದ ಅಲ್ಲಿದ್ದಾನೆ. ಕನ್ನಡ ಕಲಿತದ್ದು ಪೇಟೆಯಲ್ಲಿ ತರಕಾರಿ ಕೊಳ್ಳುತ್ತಾ. ತಾಯಿ ಮೊದಲ ಸಲ ಮಗನನ್ನು ನೋಡಲು ಬಂದಿದ್ದರು. ಬೈಲಕುಪ್ಪೆಯ ಚಿನ್ನದ ದೇವಸ್ಥಾನ ತೋರಿಸಿ, ಚಿಕ್ಕಮಗಳೂರು, ಶೃಂಗೇರಿ ದಾಟಿ ಮಲ್ಪೆಗೆ ಕರೆದೊಯ್ಯುತ್ತಿದ್ದ. ಅವರ ದೇಶಕ್ಕೆ ಸಮುದ್ರವೇ ಇಲ್ಲವಲ್ಲ, ಆಕೆ ಜೀವಮಾನದಲ್ಲಿ ಸಮುದ್ರ ನೋಡಿರಲಿಲ್ಲ.

ಮಂಗೋಲಿಯಾ ನಮ್ಮ ಕರ್ನಾಟಕದ ಎಂಟು ಪಟ್ಟು ದೊಡ್ಡ ದೇಶ. ಜನಸಂಖ್ಯೆ ಮಾತ್ರ 35 ಲಕ್ಷದಷ್ಟು. ಅದರಲ್ಲೂ ಅರ್ಧದಷ್ಟು ಜನ ಉಲಾನ್‌ಬಾತರ್ ಎಂಬ ರಾಜಧಾನಿಯೊಂದರಲ್ಲೇ ಇದ್ದಾರೆ. ಉಳಿದದ್ದೆಲ್ಲ ಹುಲ್ಲುಗಾವಲು, ಮರುಭೂಮಿ, ಬೆಟ್ಟ. ಕುರಿ, ಆಡು, ಕುದುರೆ ಕಾಯುವವರು ಉಣ್ಣೆಯ ದಪ್ಪ ಹೊದಿಕೆಯಿಂದ ಮಾಡಿದ ದುಂಡನೆಯ ಗುಡಾರದಲ್ಲಿ ವಾಸಿಸುತ್ತಾರೆ. ಅದಕ್ಕೆ ಗೆರ್ ಎನ್ನುತ್ತಾರೆ. ಚಳಿಗಾಲದಲ್ಲಿ ಸೊನ್ನೆಗಿಂತ 30 ಡಿಗ್ರಿ ಕೆಳಗೆ ಹೋಗುವುದು ಅಲ್ಲಿ ಮಾಮೂಲು.

ಅಕ್ಕ ಚಹಾ ತಂದುಕೊಟ್ಟಳು. ಆ ತಾಯಿ ಒಂದು ಗುಟುಕು ಕುಡಿದು ಮಗನ ಕಿವಿಯಲ್ಲಿ ಏನೋ ಹೇಳಿದರು. ಹುಡುಗ ಸಂಕೋಚದಿಂದ, "ಸ್ವಲ್ಪ ಉಪ್ಪು ಸಿಗ್ತದೇನ್ರಿ?" ಎಂದ.

"ಚಾಕ್ಕೆ ಉಪ್ಪಾ!" ಎಂದು ಅಕ್ಕ ಬಾಯಿಯ ಮೇಲೆ ಕೈಯಿಟ್ಟುಕೊಂಡಳು.

ಅವರಲ್ಲಿ ಹಾಗೆಯೇ ಅಂತೆ. ನೀರಿಗೆ ಚಹಾ ಸೊಪ್ಪು ಹಾಕಿ ಕುದಿಸಿ, ಹಾಲು ಸೇರಿಸಿ, ಚಿಟಿಕೆ ಉಪ್ಪು ಹಾಕಿ, ಸೌಟಿನಲ್ಲಿ ಎತ್ತೆತ್ತಿ ಹೊಯ್ದು ಕುದಿಸುವುದು. ಸಕ್ಕರೆ ಇಲ್ಲ. ಹೆಸರು ಸೂತೆ ಚಾಯ್. ಆಕೆ ಒಳಗೆ ಬಂದು ಒಲೆಯ ಮುಂದೆ ನಿಂತು ತಾನೇ ಮಾಡಿದರು. ನಾನೂ ಕುಡಿದು ನೋಡಿದೆ. ಮೊದಲ ಗುಟುಕಿಗೆ ಮುಖ ಹಿಂಡಿತು, ಎರಡನೆಯದಕ್ಕೆ ಗಂಜಿಯ ನೆನಪು ಬಂತು, ಮೂರನೆಯದಕ್ಕೆ ಪರವಾಗಿಲ್ಲ ಎನ್ನಿಸಿತು. ಒದ್ದೆ ಬಟ್ಟೆಯಲ್ಲಿ ನಡುಗುವಾಗ ಒಳ್ಳೆಯದೇ.

ರಾತ್ರಿ ಅಕ್ಕಿರೊಟ್ಟಿ, ಪತ್ರೊಡೆ, ಕಳಲೆಯ ಪಲ್ಯ. ಕೆಸುವಿನೆಲೆ ನೋಡಿ ಆಕೆ ನಗುತ್ತಾ ಏನೋ ಅಂದರು. "ಸೊಪ್ಪು ಕುರಿಗೆ, ಕುರಿ ನಮಗೆ ಅಂತಾಳೆ" ಎಂದ ಮಗ. ಆದರೂ ಪತ್ರೊಡೆ ಎರಡು ಸಲ ಹಾಕಿಸಿಕೊಂಡರು.

ಕಾಮನಬಿಲ್ಲಿನ ದೇಶ

ಊಟವಾಯಿತು, ಕರೆಂಟು ಹೋಯಿತು. ನೆಮ್ಮಾರಿನಲ್ಲಿ ಶ್ರಾವಣದ ಕರೆಂಟು ಬಂದರೆ ನೆಂಟ, ಹೋದರೆ ಮನೆಮಗ. ಜಗಲಿಯಲ್ಲಿ ದೀಪವಿಟ್ಟುಕೊಂಡು ಕೂತೆವು. ಮಾತಾಡಲು ಭಾಷೆಯಿಲ್ಲ. ಆ ತಾಯಿ ಜಪಮಣಿ ಎಣಿಸುತ್ತಿದ್ದವರು, ಸ್ವಲ್ಪ ಹೊತ್ತಿಗೆ ಮಗನ ಕಡೆ ಕೈ ಚಾಚಿದರು. ಅವನು ಮೊಬೈಲಿಗಿಂತ ಸ್ವಲ್ಪ ದೊಡ್ಡದೊಂದು ಟ್ಯಾಬ್ ತೆಗೆದು ಕೊಟ್ಟ. "ರಾತ್ರಿ ಒಂದು ಸೀರಿಯಲ್ ನೋಡದಿದ್ರೆ ಅವ್ವಗೆ ನಿದ್ದಿ ಬರೂದಿಲ್ರಿ. ಊರಿಂದ ಬರೋವಾಗ್ಲೇ ತುಂಬಿಸ್ಕೊಂಡು ಬಂದಾಳ" ಎಂದ.

ಅಕ್ಕನ ಮಗಳು ಇಣುಕಿ ನೋಡಿದವಳು, "ಅಯ್ಯೋ, ಇದು ಕೊರಿಯನ್!" ಎಂದು ಕೂಗಿಬಿಟ್ಟಳು. ಅವಳಿಗೂ ಆ ಹುಚ್ಚು. ಬೆಂಗಳೂರಿನ ಹುಡುಗಿಯರಿಗೆಲ್ಲ ಅದು ಹಿಡಿದಿದೆ. 2020ರ ಲಾಕ್‌ಡೌನ್ ವರ್ಷದಲ್ಲಿ ಭಾರತದಲ್ಲಿ ಕೊರಿಯಾದ ಧಾರಾವಾಹಿ ನೋಡುವುದು ಹಿಂದಿನ ವರ್ಷಕ್ಕಿಂತ ಶೇ. 370ಕ್ಕೂ ಹೆಚ್ಚು ಏರಿತು ಎಂದು ನೆಟ್‌ಫ್ಲಿಕ್ಸ್ ಕಂಪನಿಯೇ ಹೇಳಿತ್ತಂತೆ. ಆದರೆ ಕುರಿ ಕಾಯುವ ಸೀಮೆಯ ಅರುವತ್ತರ ಹೆಂಗಸಿಗೂ ಅದೇ ಹುಚ್ಚು ಎಂದರೆ?

ಆ ರಾತ್ರಿ ಹುಡುಗ ಹೇಳಿದ್ದು, ಆಮೇಲೆ ಅಕ್ಕನ ಮಗಳು ಓದಿ ತಿಳಿಸಿದ್ದು, ಎರಡನ್ನೂ ಸೇರಿಸಿ ಹೇಳುತ್ತೇನೆ. ಮಂಗೋಲಿಯಾ ಬಹಳ ಕಾಲ ರಷ್ಯಾದವರ ನೆರಳಿನಲ್ಲಿತ್ತು. 1990ರಲ್ಲಿ ಅಲ್ಲಿ ಪ್ರಜಾಪ್ರಭುತ್ವ ಬಂತು, ಅದೇ ವರ್ಷ ದಕ್ಷಿಣ ಕೊರಿಯಾದೊಡನೆ ಸಂಬಂಧವೂ ಬೆಳೆಯಿತು. ಹಿಂದೆಯೇ ಕೊರಿಯಾದ ಧಾರಾವಾಹಿಗಳು ಮಂಗೋಲಿಯನ್ ಮಾತು ಹಚ್ಚಿಕೊಂಡು ಬಂದವು. ಆಮೇಲೆ ಸರಕಾರದವರು ಸುಮಾರು ಒಂದು ಲಕ್ಷ ಕುರಿಗಾಹಿ ಕುಟುಂಬಗಳಿಗೆ ಬಿಸಿಲಿನಿಂದ ವಿದ್ಯುತ್ ಮಾಡುವ ಸೋಲಾರ್ ಫಲಕಗಳನ್ನು ಅಗ್ಗದಲ್ಲಿ ಕೊಟ್ಟರು. ಹತ್ತಾರು ಮೈಲಿಗೆ ಇನ್ನೊಂದು ಮನೆಯಿಲ್ಲದ ಬಯಲಿನ ಗುಡಾರದೊಳಗೂ ಟಿ.ವಿ. ಹತ್ತಿಕೊಂಡಿತು. ಹೊರಗೆ ಹಿಮಗಾಳಿ, ಒಳಗೆ ಒಲೆಯ ಸುತ್ತ ಅಜ್ಜಿ, ಸೊಸೆ, ಮೊಮ್ಮಕ್ಕಳು, ಪರದೆಯ ಮೇಲೆ ಪ್ರೇಮಿಗಳ ಅಗಲಿಕೆ.

ಮಂಗೋಲಿಯನ್ ಭಾಷೆಯಲ್ಲಿ ಕೊರಿಯಾಕ್ಕೆ ಸೊಲೊಂಗೊಸ್ ಎಂದು ಹೆಸರು. ಸೊಲೊಂಗೊ ಎಂದರೆ ಕಾಮನಬಿಲ್ಲು. ಹಾಗಾಗಿ ಅಲ್ಲಿಯ ಜನ ಅದನ್ನು ಕಾಮನಬಿಲ್ಲಿನ ದೇಶ ಎಂದೇ ಭಾವಿಸುವುದುಂಟು. ಕೆಲಸಕ್ಕಾಗಿ ಸಾವಿರಾರು ಮಂದಿ ಅಲ್ಲಿಗೆ ಹೋಗಿದ್ದಾರೆ. ಈ ತಾಯಿಯ ದೊಡ್ಡ ಮಗಳೂ ಅಲ್ಲಿಯ ಒಂದು ಕಾರ್ಖಾನೆಯಲ್ಲಿದ್ದಾಳೆ.

ಅದಕ್ಕೊಂದು ಕಥೆಯಿದೆ. ಬೇಸಗೆಯಲ್ಲಿ ಹುಲ್ಲು ಸರಿಯಾಗಿ ಬಾರದೆ, ಚಳಿಗಾಲದಲ್ಲಿ ವಿಪರೀತ ಹಿಮ ಬಿದ್ದು ಗಟ್ಟಿಯಾದರೆ ಜಾನುವಾರು ಮೇವಿಲ್ಲದೆ ನಿಂತಲ್ಲೇ ಸಾಯುತ್ತವೆ. ಅದಕ್ಕೆ ಅವರು ಜುದ್ ಎನ್ನುತ್ತಾರೆ. 2009-10ರ ಜುದ್‌ನಲ್ಲಿ ಆ ದೇಶದ 80 ಲಕ್ಷಕ್ಕೂ ಹೆಚ್ಚು ಜಾನುವಾರು ಸತ್ತವು. ಇವರ ಹಿಂಡೂ ಹೋಯಿತು. ಗುಡಾರ ಬಿಚ್ಚಿಕೊಂಡು ಬಂದು ಉಲಾನ್‌ಬಾತರಿನ ಅಂಚಿನಲ್ಲಿ ಹೂಡಿದರು. ಮಗಳು ಕೊರಿಯಾಕ್ಕೆ ಹೋದಳು, ಮಗ ಓದಲು ಮುಂಡಗೋಡಿಗೆ ಬಂದ.

ಹುಡುಗ ಇದನ್ನು ಹೇಳುತ್ತಿದ್ದಾಗ ಅಕ್ಕ ಸುಮ್ಮನೆ ಕೇಳುತ್ತಿದ್ದವಳು, "ನಮ್ಮ ಹಳದಿ ರೋಗದ ಹಾಗೇ ಅನ್ನು" ಎಂದಳು. ನಾನು ಹೋದ ಮೇಲೆ ಅವಳು ತಾನಾಗಿ ಆಡಿದ ಮೊದಲ ಮಾತು ಅದು.

ಆ ತಾಯಿ ಧಾರಾವಾಹಿ ನೋಡಲು ಶುರು ಮಾಡಿದ್ದೇ ಮಗಳಿರುವ ಬೀದಿಗಳು ಹೇಗಿವೆ, ಬಸ್ಸು ಹೇಗಿದೆ, ಅಲ್ಲಿಯ ಅತ್ತೆಯರು ಹೇಗೆ ಗದರುತ್ತಾರೆ ಎಂದು ತಿಳಿಯಲಂತೆ. "ಮಗಳು ಫೋನಿನಲ್ಲಿ ನಗ್ತಾಳೆ. ಅಮ್ಮಾ, ಸೀರಿಯಲ್ಲಿನಲ್ಲಿ ಕಾಣೋದು ಒಂದೂ ನಮ್ಮ ಕಾರ್ಖಾನೆ ಹತ್ರ ಇಲ್ಲ ಅಂತಾಳೆ" ಎಂದರು. ಗೊತ್ತಿದ್ದೂ ನೋಡುತ್ತಾರೆ. ನಮ್ಮ ಅಕ್ಕ ಟಿ.ವಿ.ಯಲ್ಲಿ ಬೆಂಗಳೂರಿನ ಟ್ರಾಫಿಕ್ ಸುದ್ದಿ ಬಂದರೆ ಎದ್ದು ಹೋಗದೆ ನೋಡುವುದೂ ಅದಕ್ಕೇ ಅಲ್ಲವೇ?

ಏನಿದೆ ಅದರಲ್ಲಿ?

ನಮ್ಮವರಂಥವರು ಕೇಳುವ ಪ್ರಶ್ನೆ ಇದು. "ಅತ್ತು ಅತ್ತು ನೋಡೋದು, ನೋಡಿ ನೋಡಿ ಅಳೋದು" ಎಂದು ಅವರು ಹಾಸ್ಯ ಮಾಡುತ್ತಾರೆ. ಅಕ್ಕನ ಮಗಳು ಆ ರಾತ್ರಿ ನಮಗೆ ಒಂದೆರಡು ಕಥೆ ಹೇಳಿದಳು. 2000ದಲ್ಲಿ ಬಂದ ಒಂದರಲ್ಲಿ ಆಸ್ಪತ್ರೆಯಲ್ಲಿ ಅದಲುಬದಲಾದ ಹೆಣ್ಣುಶಿಶುಗಳು. ಅಣ್ಣನೆಂದು ತಿಳಿದವನು ಅಣ್ಣನಲ್ಲ. ಕೊನೆಗೆ ಹುಡುಗಿಗೆ ರಕ್ತದ ಕ್ಯಾನ್ಸರ್. 2002ರ 'ವಿಂಟರ್ ಸೊನಾಟಾ'ದಲ್ಲಿ ಶಾಲೆಯ ಹುಡುಗ ಅಪಘಾತದಲ್ಲಿ ಸತ್ತನೆಂದು ಹುಡುಗಿ ಹತ್ತು ವರ್ಷ ಕೊರಗುತ್ತಾಳೆ. ಅದೇ ಮುಖದವನೊಬ್ಬ ಎದುರಾಗುತ್ತಾನೆ, ಅವನಿಗೆ ಹಿಂದಿನದು ನೆನಪಿಲ್ಲ. ಜಪಾನಿನಲ್ಲಿ ನಮ್ಮ ವಯಸ್ಸಿನ ಹೆಂಗಸರು ಇದಕ್ಕೆ ಮರುಳಾಗಿ, ಅದನ್ನು ಚಿತ್ರಿಸಿದ ನಾಮಿ ದ್ವೀಪಕ್ಕೆ ಯಾತ್ರೆ ಹೋದಂತೆ ಹೋದರಂತೆ. ಪ್ರೇಮಿಗಳು ಮೊದಲ ಹಿಮ ಬೀಳುವ ದಿನ ಭೇಟಿಯಾಗುವ ಮಾತು ಬಂದಾಗ ಮಂಗೋಲಿಯಾದ ತಾಯಿ ಜೋರಾಗಿ ನಕ್ಕರು. ಹಿಮ ಬಿದ್ದರೆ ತಾವು ಮೊದಲು ಕುರಿಗಳನ್ನು ಎಣಿಸುತ್ತೇವೆ ಎಂದರು!

ಕೇಳುತ್ತಾ ನನಗೆ ಅನ್ನಿಸಿತು, ಇದರಲ್ಲಿ ಹೊಸದೇನು? ನೆನಪು ಕಳೆದುಕೊಂಡವನು, ಅದಲುಬದಲಾದ ಮಗು, ಮನೆತನದ ಮಾನಕ್ಕಾಗಿ ಪ್ರೇಮ ಮುರಿಯುವ ತಾಯಿ, ಇವೆಲ್ಲ ನಮ್ಮ ಸಿನಿಮಾಗಳಲ್ಲೂ ಇದ್ದವೇ. ಆದರೆ ಕೆಲವು ಗುಣಗಳು ಮೆಚ್ಚುವಂಥವು. ಪ್ರೇಮಿಗಳು ಕೈ ಹಿಡಿಯಲು ಎಂಟು ಕಂತು ಕಾಯುತ್ತಾರೆ. ಅತ್ತೆ ಮಾವನ ಎದುರು ಕೂತು ನೋಡಬಹುದು. ಹಿರಿಯರ ಮುಂದೆ ಬಗ್ಗಿ ನಮಸ್ಕರಿಸುತ್ತಾರೆ, ಎರಡೂ ಕೈಯಲ್ಲಿ ಲೋಟ ಕೊಡುತ್ತಾರೆ. ಸತ್ತವರ ದಿನ ಎಡೆ ಇಡುತ್ತಾರೆ. ಮುಖ್ಯವಾಗಿ ಹದಿನಾರೋ ಇಪ್ಪತ್ತೋ ಕಂತಿಗೆ ಕಥೆ ಮುಗಿದೇ ಮುಗಿಯುತ್ತದೆ. ನಮ್ಮ ಧಾರಾವಾಹಿಯ ಸೊಸೆ ಒಂದು ಮೆಟ್ಟಿಲಿಳಿಯಲು ಮೂರು ದಿನ ತೆಗೆದುಕೊಳ್ಳುತ್ತಾಳಲ್ಲ, ಆ ತೊಂದರೆ ಇಲ್ಲ!

ಮತ್ತೊಂದು ಸಂಗತಿ ಭಾಷೆಯದು. ಕೊರಿಯಾದ ಮಕ್ಕಳು ತಂದೆಯನ್ನು 'ಅಪ್ಪ' ಎನ್ನುತ್ತಾರೆ, ತಾಯಿಯನ್ನು 'ಒಮ್ಮಾ' ಎನ್ನುತ್ತಾರೆ. ಕೇಳಿದರೆ ಪಕ್ಕದ ಮನೆಯ ಮಗು ಕರೆದಂತೆ! ಮಂಗೋಲಿಯನ್ನರು ತಾಯಿಗೆ ಈಜ್ ಎನ್ನುತ್ತಾರೆ. ಆದರೆ ಮೂರೂ ಭಾಷೆಗಳಲ್ಲಿ ಕ್ರಿಯಾಪದ ಬರುವುದು ವಾಕ್ಯದ ಕೊನೆಗೆ. 'ನಾನು ನಿನ್ನನ್ನು' ಎಂದು ಹೇಳಿ ನಿಲ್ಲಿಸಿದರೆ, ಮುಂದಿನದು ಪ್ರೀತಿಸುತ್ತೇನೆ ಎಂದೋ ಕ್ಷಮಿಸುವುದಿಲ್ಲ ಎಂದೋ ಉಸಿರು ಬಿಗಿಹಿಡಿದು ಕಾಯಬೇಕು. ಇಂಗ್ಲಿಷಿನಲ್ಲಿ ಆ ಕಾಯುವಿಕೆ ಇಲ್ಲ. ಮಂಗೋಲಿಯನ್ ಮಾತು ಹಚ್ಚಿದಾಗ ಅವರಿಗೆ ಅದು ತಮ್ಮ ಮನೆಯದೇ ಎನಿಸಿದ್ದಕ್ಕೆ ಇದೂ ಕಾರಣವಿರಬಹುದು. ನಮ್ಮ ಕನ್ನಡದಲ್ಲಿ ಅರುವತ್ತರ ದಶಕದಿಂದ ಡಬ್ಬಿಂಗಿಗೆ ವಿರೋಧವಿದ್ದು, ಬಹಳ ಕಾಲ ಅದು ಬರಲೇ ಇಲ್ಲ. ಈಚೆಗೆ ಬಾಗಿಲು ತೆರೆದು, 2020ರಲ್ಲಿ 'ಮಹಾನಾಯಕ' ಕನ್ನಡ ಮಾತಿನಲ್ಲಿ ಬಂದಾಗ ಹಳ್ಳಿಹಳ್ಳಿಯಲ್ಲಿ ಎಷ್ಟು ಜನ ನೋಡಿದರೆಂದು ಬಲ್ಲೆವು. 2006ರಲ್ಲಿ ದೂರದರ್ಶನ ಕೊರಿಯಾದ ಧಾರಾವಾಹಿ ತೋರಿಸಿದಾಗ ಅದು ಹಿಂದಿಯಲ್ಲಿತ್ತು. ನಮ್ಮ ಮನೆಯಲ್ಲಿ ಟಿ.ವಿ. ಇತ್ತು, ಹಿಂದಿ ಇರಲಿಲ್ಲ.

ಹಾಗೆ ತೋರಿಸಿದ್ದರಲ್ಲಿ ಒಂದು 'ಜ್ಯುವೆಲ್ ಇನ್ ದಿ ಪ್ಯಾಲೇಸ್'. ಆ ರಾತ್ರಿ ಟ್ಯಾಬಿನಲ್ಲಿ ಬಂದದ್ದೂ ಅದೇ. 2003ರಿಂದ 2004ರವರೆಗೆ ಕೊರಿಯಾದಲ್ಲಿ 54 ಕಂತು ನಡೆದು, ಆಮೇಲೆ ಎಂಬತ್ತಕ್ಕೂ ಹೆಚ್ಚು ದೇಶಗಳಿಗೆ ಹೋದದ್ದು. ಸುಮಾರು ಐನೂರು ವರ್ಷದ ಹಿಂದಿನ ಕಥೆ. ಚಾಂಗ್‌ಗಮ್ ಎಂಬ ಅನಾಥ ಹುಡುಗಿ ಅರಮನೆಯ ಅಡಿಗೆಮನೆ ಸೇರುತ್ತಾಳೆ. ಅಪವಾದಕ್ಕೆ ಸಿಕ್ಕಿ ಹೊರಬೀಳುತ್ತಾಳೆ. ವೈದ್ಯ ಕಲಿತು ಕೊನೆಗೆ ರಾಜನಿಗೇ ವೈದ್ಯಳಾಗುತ್ತಾಳೆ. ಜೊತೆಗೊಬ್ಬ ಅಧಿಕಾರಿಯ ಸದ್ದಿಲ್ಲದ ಪ್ರೇಮ. ಅಡಿಗೆಯ ವಿಷಯ ಎಂದ ಮೇಲೆ ಅಕ್ಕನೂ ಮಣೆ ಎಳೆದುಕೊಂಡು ಹತ್ತಿರ ಬಂದಳು.

ಕೇಪಳೆ ಹಣ್ಣು

ಒಂದು ಚಿಕ್ಕ ಪರದೆಯ ಮುಂದೆ ಐದು ಜನ. ಮಾತು ಮಂಗೋಲಿಯನ್ನಿನಲ್ಲಿ, ಹುಡುಗ ಸ್ವಲ್ಪ ಸ್ವಲ್ಪವೇ ಮುಂಡಗೋಡಿನ ಕನ್ನಡದಲ್ಲಿ ಹೇಳುತ್ತಿದ್ದ. ಅರಮನೆಯ ಅಡಿಗೆಯವರಿಗೆ ಸ್ಪರ್ಧೆ. ರಾಜನ ಮುಂದೆ ಎಂಥೆಂಥ ಭಕ್ಷ್ಯಗಳು! ಚಾಂಗ್‌ಗಮ್ ಕೊನೆಯಲ್ಲಿ ಇಟ್ಟದ್ದು ಕಾಡಿನ ಕೆಂಪು ಹಣ್ಣು, ಸಿಹಿಪಾಕದಲ್ಲಿ ಅದ್ದಿದ್ದು. ಇದೇಕೆ ಎಂದು ರಾಜ ಕೇಳಿದ. ತನ್ನ ತಾಯಿ ಗಾಯಗೊಂಡು ಸಾಯುತ್ತಿದ್ದಾಗ ಏನೂ ಕೈಲಾಗದ ಪುಟ್ಟ ಹುಡುಗಿಯಾದ ತಾನು ಕಾಡುಹಣ್ಣು ತಂದು ಆಕೆಯ ಬಾಯಿಗಿಟ್ಟದ್ದನ್ನು ಅವಳು ಹೇಳಿದಳು.

ಹುಡುಗ ಇಷ್ಟು ಹೇಳಿ ಸುಮ್ಮನಾದ. ಆ ತಾಯಿ ಸೆರಗಿಲ್ಲದ್ದರಿಂದ ತೋಳಿನಿಂದ ಕಣ್ಣೊರೆಸಿಕೊಂಡರು. ಪಕ್ಕದಲ್ಲಿ ಬಿಕ್ಕಿದ ಸದ್ದು ಕೇಳಿ ತಿರುಗಿದರೆ, ನಮ್ಮ ಅಕ್ಕ! ಭಾವ ಸತ್ತ ದಿನವೂ ಎಲ್ಲರ ಮುಂದೆ ಅಳದವಳು, ಮಣೆಯ ಮೇಲೆ ಮುಖ ಮುಚ್ಚಿಕೊಂಡು ಮಗುವಿನಂತೆ ಅಳುತ್ತಿದ್ದಳು.

ಈಗ ನಾನು ಮುಂದೂಡಿದ ಮಾತು ಹೇಳಲೇಬೇಕು. ಏಳು ವರ್ಷದ ಹಿಂದೆ ಚೈತ್ರದಲ್ಲಿ ನಮ್ಮ ಅಮ್ಮ ನನ್ನ ಮನೆಯಲ್ಲೇ ತೀರಿಕೊಂಡರು. ಬೆಳಿಗ್ಗೆಯೇ ಅಕ್ಕನಿಗೆ ಫೋನು ಮಾಡಿದ್ದೆ. ಅವಳು ಬಂದದ್ದು ಮಧ್ಯಾಹ್ನ, ಅಮ್ಮನ ಉಸಿರು ನಿಂತು ಒಂದು ಗಂಟೆಯಾದ ಮೇಲೆ. ರಾತ್ರಿಯೆಲ್ಲ ನಿದ್ದೆಗೆಟ್ಟಿದ್ದ ನಾನು ನೆಂಟರಿಷ್ಟರೆಲ್ಲರ ಎದುರಿಗೆ, "ಈಗ ಬಂದು ಅತ್ತರೇನು ಬಂತು?" ಎಂದುಬಿಟ್ಟೆ. ಅವಳು ಅಳು ನಿಲ್ಲಿಸಿದಳು. ಏನೂ ಹೇಳಲಿಲ್ಲ. ಆಮೇಲೆ ಹಬ್ಬಕ್ಕೆ ಫೋನು, ಶುಭಕ್ಕೆ ಕುಂಕುಮ ಎಲ್ಲ ನಡೆಯಿತು. ಮಾತು ಮಾತ್ರ ಇರಲಿಲ್ಲ.

ಅತಿಥಿಗಳು ಮಲಗಿದ ಮೇಲೆ ಅಡಿಗೆಮನೆಯಲ್ಲಿ ಒಲೆಯ ಕೆಂಡ ಮುಚ್ಚುತ್ತಾ ಅಕ್ಕ ಹೇಳಿದಳು: "ಹಿಂದಿನ ವಾರ ಅಮ್ಮ ಫೋನಿನಲ್ಲಿ ಕೇಪಳೆ ಹಣ್ಣು ತಿನ್ನಬೇಕು ಅನ್ನಿಸ್ತದೆ ಅಂದಿದ್ರು ಕಣೆ. ಸಣ್ಣವರಿದ್ದಾಗ ಹಕ್ಕಲಲ್ಲಿ ಆರಿಸಿ ಕೊಡ್ತಿದ್ರಲ್ಲ. ನೀನು ಫೋನ್ ಮಾಡಿದ ಕೂಡ್ಲೆ ಹೊರಟಿದ್ದೆ. ಒಂದು ಮುಷ್ಟಿ ಕೊಯ್ಕೊಂಡು ಹೋಗುವ ಅಂತ ಹಕ್ಕಲಿಗೆ ಇಳಿದೆ. ಬಸ್ಸು ತಪ್ಪಿತು."

"ಹಣ್ಣು ಎಂತ ಮಾಡಿದ್ಯೆ?" ಎಂದೆ.

"ಬಾಳೆಲೆಯಲ್ಲಿ ಕಟ್ಟಿ ಚೀಲದಲ್ಲಿಟ್ಟಿದ್ದೆ. ನೀನು ಹಾಗಂದ ಮೇಲೆ ತೆಗೀಲಿಲ್ಲ. ವಾಪಸ್ ಬರ್ತಾ ಹರಿಹರಪುರದ ಹತ್ರ ಹೊಳೆಗೆ ಹಾಕಿದೆ."

ಏಳು ವರ್ಷ! ಒಂದು ಮುಷ್ಟಿ ಹಣ್ಣು. ನಾನು ಅವಳ ಕೈ ಹಿಡಿದುಕೊಂಡೆ. ತಪ್ಪಾಯಿತು ಎಂದು ಹೇಳಿದೆನೋ ಇಲ್ಲವೋ ನೆನಪಿಲ್ಲ. ಇಬ್ಬರೂ ಅತ್ತದ್ದು ನೆನಪಿದೆ. ಹೊರಗೆ ಹೊಳೆಯೋ ಮಳೆಯೋ ಸುರಿಯುತ್ತಲೇ ಇತ್ತು.

ಅಲ್ಲಿಂದ ಬಂದ ಮೇಲೆ ನಾನು ಇದನ್ನೇ ಯೋಚಿಸಿದ್ದೇನೆ. ನಮ್ಮಮ್ಮ ಎಂ.ಕೆ. ಇಂದಿರಾ ಅವರ ಕಾದಂಬರಿ ಓದುತ್ತಿದ್ದರು. ಅವರು ತೀರ್ಥಹಳ್ಳಿಯ ಕಡೆಯವರು, ನಲವತ್ತೈದರ ಪ್ರಾಯದಲ್ಲಿ ಬರೆಯಲು ತೊಡಗಿದವರು. ನಮ್ಮದೇ ಮಾತು, ನಮ್ಮದೇ ಮಳೆ. ಓದುವಾಗ ಅಮ್ಮ, "ಇದು ನಮ್ಮ ಇಂಥವರ ಮನೆಯದೇ ಕಥೆ" ಎನ್ನುತ್ತಿದ್ದರು. ಹತ್ತಿರದ ಕಥೆಯ ಬೆಲೆ ದೊಡ್ಡದು, ನಮ್ಮನ್ನು ನಮಗೆ ತೋರಿಸುತ್ತದೆ. ಆದರೆ ಅದರ ಮುಂದೆ ಅತ್ತರೆ ಪಕ್ಕದವರು, "ಓ, ಅವಳಿಗೆ ಅತ್ತೆ ನೆನಪಾದರು, ಅವಳಿಗೆ ತಂಗಿ ನೆನಪಾದಳು" ಎಂದು ಕಂಡುಹಿಡಿಯುತ್ತಾರೆ. ಹಾಗಾಗಿ ನಾವು ತುಟಿ ಕಚ್ಚಿಕೊಳ್ಳುತ್ತೇವೆ. ಕೊರಿಯಾದ ಹುಡುಗಿಗಾಗಿ ಅತ್ತರೆ ಯಾರೂ ಲೆಕ್ಕ ಕೇಳುವುದಿಲ್ಲ. ಅವಳ ಜಾತಿ ಯಾವುದು, ಮನೆ ಯಾವುದು, ಯಾರ ಕಡೆಯವಳು, ಯಾವುದೂ ಇಲ್ಲ. ದೂರದವಳು, ಅದಕ್ಕೇ ಧೈರ್ಯ. ಹಿಂಡು ಕಳೆದುಕೊಂಡಾಗ ಗಂಡನ ಮುಂದೆ ಅಳಲಿಲ್ಲ, ಅವನು ಇನ್ನೂ ಕುಗ್ಗುತ್ತಾನೆಂದು. ರಾತ್ರಿ ಸೀರಿಯಲ್ ನೋಡಿ ಅತ್ತೆ ಎಂದು ಮಂಗೋಲಿಯಾದ ತಾಯಿ ಹೇಳಿದ್ದರು. ಹುಡುಗ ಆ ಮಾತನ್ನು ಕನ್ನಡಿಸುವಾಗ ತಾನೇ ಮೊದಲ ಸಲ ಕೇಳಿದವನಂತೆ ತಾಯಿಯ ಮುಖ ನೋಡಿದ್ದ.

ಹಾಗೆಂದು ಹಗಲೂ ರಾತ್ರಿ ಮೊಬೈಲ್ ಹಿಡಿದು ಕೂರಿ ಎಂದು ನಾನು ಹೇಳುವುದಿಲ್ಲ. ಅದರೊಳಗಿನ ಗಂಡಸರು ಮಳೆಯಲ್ಲಿ ಕೊಡೆ ಹಿಡಿದು ಓಡಿ ಬರುವುದನ್ನು ನೋಡಿ, ನಮ್ಮವರು ಯಾಕೆ ಬರುವುದಿಲ್ಲ ಎಂದು ಮುನಿಸಿಕೊಳ್ಳುವುದೂ ಬೇಡ. ನಮ್ಮವರಿಗೆ ಕೊಡೆ ಎಲ್ಲಿಟ್ಟಿದೆ ಎಂದೇ ಗೊತ್ತಿರುವುದಿಲ್ಲ! ಆದರೆ ಮನೆಯಲ್ಲಿ ಅಮ್ಮನೋ ಅತ್ತೆಯೋ ಸೀರಿಯಲ್ ನೋಡಿ ಕಣ್ಣೊರೆಸಿಕೊಂಡರೆ ನಗಬೇಡಿ. ಪಕ್ಕದಲ್ಲಿ ಸ್ವಲ್ಪ ಹೊತ್ತು ಕೂತಿರಿ. ಕಂತು ಮುಗಿದ ಮೇಲೆ ಅವರು ಏನಾದರೂ ಹೇಳಬಹುದು.

ಬೆಳಿಗ್ಗೆ ಮರ ತೆರವಾಗಿತ್ತು. ಹೊರಡುವಾಗ ಆ ತಾಯಿ ಚೀಲದಿಂದ ನೀಲಿ ರೇಷ್ಮೆಯ ಉದ್ದನೆಯ ವಸ್ತ್ರ ತೆಗೆದು, ಎರಡು ಕೈಯಲ್ಲಿ ಹಿಡಿದು ಅಕ್ಕನಿಗೆ ಕೊಟ್ಟರು. ಅದು ಅವರಲ್ಲಿ ಗೌರವದ ಕಾಣಿಕೆ, ಖದಗ್ ಎನ್ನುತ್ತಾರೆ. ನೀಲಿ ಎಂದರೆ ಅವರ ಆಕಾಶದ ಬಣ್ಣ. ಅಕ್ಕ ಹಲಸಿನ ಹಪ್ಪಳದ ಕಟ್ಟು ಕೊಟ್ಟಳು, ಜೊತೆಗೆ ಚಹಾಕ್ಕೆಂದು ನಗುತ್ತಾ ಒಂದು ಪೊಟ್ಟಣ ಉಪ್ಪು. ಸಂಜೆ ಹುಡುಗ ಮಲ್ಪೆಯಿಂದ ಒಂದು ಚಿತ್ರ ಕಳಿಸಿದ. ಉಕ್ಕುವ ಸಮುದ್ರದ ಮುಂದೆ ಆ ತಾಯಿ ಕಿವಿ ಮುಚ್ಚಿಕೊಂಡು ನಿಂತಿದ್ದರು.

ನೆಮ್ಮಾರಿಗೆ ಹೋಗಬೇಕೆನ್ನುವವರು ಶೃಂಗೇರಿಯಿಂದ ಕಾರ್ಕಳದ ಕಡೆಯ ಬಸ್ಸು ಹಿಡಿಯಬಹುದು. ಮಳೆಗಾಲದಲ್ಲಿ ಹೋದರೆ ಇಂಬಳಕ್ಕೆ ಹೊಗೆಸೊಪ್ಪು, ಸುಣ್ಣ ಜೊತೆಗಿರಲಿ. ಹೊಳೆಯ ಕಲ್ಲಿನ ಮೇಲೆ ಕಾಲಿಡಬೇಡಿ, ಪಾಚಿ ಜಾರುತ್ತದೆ. ಮಳೆ ಬೇಡವೆನ್ನುವವರಿಗೆ ಕಾರ್ತೀಕದ ನಂತರ ಚೆನ್ನ. ನನ್ನನ್ನು ಕೇಳಿದರೆ ಬೇಸಗೆಯಲ್ಲಿ ಹೋಗಿ. ಈ ಚೈತ್ರದಲ್ಲಿ ಅಕ್ಕ ತಾನಾಗಿ ಫೋನು ಮಾಡಿ, "ಹಕ್ಕಲಲ್ಲಿ ಕೇಪಳೆ ಹಣ್ಣಾಗಿದೆ. ಬರ್ತೀಯೇನೆ?" ಎಂದಳು. ನಾನು ಮೊದಲ ಬಸ್ಸಿಗೇ ಹೋದೆ.